ಮೊಟ್ಟೆಯಿಟ್ಟ ಹುಂಜ, ಮದುವೆಯಾದ ಕಪ್ಪೆ

ದನದ ಆಸ್ಪತ್ರೆಯ ಕೆಲಸ ಸಿಕ್ಕಾಗ ನನ್ನ ಕೈಗೆ ಬರುವುದೆಲ್ಲ ಹಸು, ಎಮ್ಮೆ, ಕುರಿ, ಮೇಕೆ ಅಂದುಕೊಂಡಿದ್ದೆ. ಅವು ಬಂದವು, ಇಲ್ಲವೆನ್ನುವುದಿಲ್ಲ. ಆದರೆ ಇಪ್ಪತ್ತು ವರ್ಷದಲ್ಲಿ ನಾನು ಮನೆಗೆ ಹೋಗಿ ಹೆಂಡತಿಯ ಮುಂದೆ ಹೇಳಿಕೊಂಡು ನಕ್ಕದ್ದು, ಕೆಲವು ಸಲ ಹೇಳಿಕೊಳ್ಳದೆ ಮುಚ್ಚಿಟ್ಟದ್ದು, ಎಲ್ಲ ಮೊಟ್ಟೆಯ ದೆಸೆಯಿಂದ ಆದದ್ದು, ಇಲ್ಲವೇ ಕಪ್ಪೆಯ ದೆಸೆಯಿಂದ. ನನ್ನ ಜಾತಕದಲ್ಲಿ ಯಾವ ಮನೆಯಲ್ಲಿ ಕೋಳಿ ಕೂತಿದೆಯೋ, ಯಾವ ಮನೆಯಲ್ಲಿ ಕಪ್ಪೆ ಕೂತಿದೆಯೋ ಗೊತ್ತಿಲ್ಲ. ಯಾವ ಊರಿಗೆ ವರ್ಗವಾದರೂ ಅವೆರಡು ನನಗಿಂತ ಮುಂಚೆ ಹೋಗಿ ಕಾದಿರುತ್ತವೆ.

ನಮ್ಮದು ನಂಜನಗೂಡಿನಲ್ಲಿ ದೇವಸ್ಥಾನದ ಹಿಂದಿನ ಬೀದಿಯ ಮನೆ. ತಾತ, ಅಪ್ಪ ಪೂಜೆಯ ಮೇಲೆ ಬದುಕಿದವರು. ನಾನು ಪಶುವೈದ್ಯ ಓದುತ್ತೇನೆ ಅಂದಾಗ ಅಪ್ಪ, 'ಗೋಸೇವೆ ತಾನೆ, ಓದಲಿ' ಅಂದಿದ್ದರು. ಪಠ್ಯದಲ್ಲಿ ಕೋಳಿಯೂ ಇದೆ ಅಂತ ನಾನು ಹೇಳಲಿಲ್ಲ, ಅವರು ಕೇಳಲಿಲ್ಲ.

ಹುಳವಿಲ್ಲದ ಹುಂಜ

ನನ್ನ ಮೊದಲ ಕೆಲಸ ಚಿಕ್ಕಯ್ಯನಛತ್ರದ ಕಡೆ. ಸೇರಿ ಎರಡು ವಾರವಾಗಿತ್ತು. ಒಂದು ಸೋಮವಾರ ಬೆಳಿಗ್ಗೆ ಒಬ್ಬ ಅಜ್ಜಿ ಕಂಕುಳಲ್ಲಿ ಕೆಂಪು ಹುಂಜ ಇಟ್ಟುಕೊಂಡು ಒಳಗೆ ಬಂದರು. ಹಿಂದೆ ಸೊಸೆ. ಸೊಸೆಯ ಮುಖ ಬಿಗಿದುಕೊಂಡಿತ್ತು.

'ಏನಾಗಿದೆ ಅಜ್ಜಿ ಹುಂಜಕ್ಕೆ?'

ಅಜ್ಜಿ ಸೆರಗಿನ ಗಂಟು ಬಿಚ್ಚಿ ನೆಲ್ಲಿಕಾಯಿ ಗಾತ್ರದ ಒಂದು ಮೊಟ್ಟೆ ಮೇಜಿನ ಮೇಲಿಟ್ಟರು. 'ಉಂಜ ಮೊಟ್ಟೆ ಇಕ್ಬುಡ್ತು ಸಾ.'

ಕಾಲೇಜಿನಿಂದ ಹೊಸದಾಗಿ ಬಂದವನು ನಾನು. ಹೇಳಿಕೊಡುವ ಹುಮ್ಮಸ್ಸು ಮೈತುಂಬ ಇತ್ತು. ಎಳೆಯ ಕೋಳಿ ಮೊದಮೊದಲು ಮೊಟ್ಟೆ ಇಡುವಾಗ ಒಮ್ಮೊಮ್ಮೆ ಹೀಗೆ ಪುಟ್ಟದಾಗಿ ಇಡುತ್ತದೆ, ಅದರೊಳಗೆ ಹಳದಿ ಇರುವುದಿಲ್ಲ, ಜನ ಅದನ್ನು ನೋಡಿ ಹುಂಜದ ಮೊಟ್ಟೆ ಅನ್ನುತ್ತಾರೆ ಅಂತ ವಿವರಿಸಿದೆ. ಮಾತು ಸಾಲದೆ ಮೊಟ್ಟೆಯನ್ನು ಸ್ಟೀಲ್ ತಟ್ಟೆಗೆ ಒಡೆದು ತೋರಿಸಿದೆ. ಬರೀ ಬಿಳಿ.

'ಅದೇ ನಾನೂ ಏಳಿದ್ದು ಸಾ,' ಅಂದರು ಅಜ್ಜಿ. 'ಎಣ್ಣು ಇಕ್ಕಿದ್ರೆ ಹಳದಿ ಇರ್ತಿರ್ಲಿಲ್ವಾ?'

'ನಿಮ್ಮ ಮನೆಯಲ್ಲಿ ಎಳೇ ಕೋಳಿ ಇಲ್ವಾ?'

'ನಾಕವೆ. ಅವೆಲ್ಲ ಸರಿಯಾಗಿ ಇಕ್ತವೆ. ನೀವು ಒಂದು ಚೀಟಿ ಬರ್ಕೊಡಿ.'

'ಏನಂತ?'

'ಈ ಉಂಜ ಮೊಟ್ಟೆ ಇಕ್ತದೆ, ಇದ ಕುಯ್ಯಂಗಿಲ್ಲ ಅಂತ.'

ಸೊಸೆ ಮುಂದೆ ಬಂದಳು. 'ಸಾ, ಇವತ್ತು ನಮ್ಮಣ್ಣ ಬತ್ತಾವ್ನೆ. ಮದ್ವೆ ಆದ್ಮೇಲೆ ಇದೇ ಮೊದ್ಲು ಊಟಕ್ಕೆ ಬರದು. ಓದ್ಸಲ ನಮ್ಮಕ್ಕ ಬಂದಾಗ ಉಂಜ ಕುಂಟ್ತದೆ ಅಂದ್ರು. ಅದ್ಕಿಂತ ಮುಂಚೆ ನಮ್ಮಪ್ಪ ಬಂದಾಗ ಅದ್ಕೆ ಜರ ಅಂದ್ರು. ಈಗ ಮೊಟ್ಟೆ ಇಕ್ಬುಟ್ಟದೆ.'

ನಾನು ಗಂಭೀರವಾಗಿ, ಹುಂಜ ಮೊಟ್ಟೆ ಇಡುತ್ತದೆ ಅಂತ ಸರ್ಕಾರಿ ಡಾಕ್ಟರಾಗಿ ಬರೆದುಕೊಡಲು ಆಗುವುದಿಲ್ಲ ಅಂದೆ. ಸೊಸೆ ಗೆದ್ದವಳ ಹಾಗೆ ಹೊರಗೆ ಹೋಗಿ ನಿಂತಳು. ಅಜ್ಜಿ ಮೇಜಿನ ಮೇಲೆ ಬಾಗಿ ದನಿ ತಗ್ಗಿಸಿದರು. 'ಉಂಜ ಮೊಟ್ಟೆ ಇಕ್ಕಲ್ಲ ಅಂತ ನಂಗ್ ಗೊತ್ತಿಲ್ವಾ ಸಾ? ಉಟ್ಟಿದಾಗಿಂದ ಕೋಳಿ ಸಾಕಿವ್ನಿ. ಎಳೇ ಕೋಳಿ ಇಕ್ಕಿದ್ದ ನಾನೇ ತಂದು ಇದರ ಕೆಳಗೆ ಇಟ್ಟೆ. ಮರಿಯಾಗಿದ್ದಾಗ ಮೇಲಿಂದ ಅದ್ದು ಎರಗಿ ಎತ್ಕೊಂಡು ಓಗಿತ್ತು, ಅದರ ಕಾಲಿಂದ ಬುಡಿಸ್ಕೊಂಡು ಮಡಿಲಲ್ಲಿ ಮಡಿಕ್ಕೊಂಡು ಸಾಕಿದ್ದು. ನಾನು ಮಂಚದ ಮೇಲೆ ಕೂತ್ರೆ ಬಂದು ಪಕ್ಕದಲ್ಲಿ ಕೂತ್ಕತದೆ.'

ಹುಂಜ ಅಜ್ಜಿಯ ಕಂಕುಳಿಂದ ನನ್ನನ್ನೇ ನೋಡುತ್ತಿತ್ತು. ನನಗೆ ಏನು ತೋಚಿತೋ, ಎದ್ದು ಅದರ ಬಾಯಿಗೆ ಜಂತುಹುಳದ ಔಷಧಿ ಹಾಕಿದೆ. ಚೀಟಿಯಲ್ಲಿ ನಿಜವನ್ನೇ ಬರೆದೆ: 'ಈ ಹುಂಜಕ್ಕೆ ಹುಳದ ಔಷಧಿ ಕೊಡಲಾಗಿದೆ. ಹದಿನೈದು ದಿನ ಇದರ ಮಾಂಸ ತಿನ್ನಬಾರದು.' ಸೊಸೆ ಎರಡು ಸಲ ಓದಿ, ನನ್ನನ್ನು ಒಮ್ಮೆ ನೋಡಿ, ಅಣ್ಣನಿಗೆ ಬಸ್ಸಾರು ಮಾಡಲು ಹೋದಳು.

ಸರಿಯಾಗಿ ಹದಿನಾಲ್ಕನೇ ದಿನ ಅಜ್ಜಿ ಹುಂಜದ ಸಮೇತ ಬಾಗಿಲಲ್ಲಿದ್ದರು. 'ನಾಳಿದ್ದು ಸೊಸೆ ಚಿಕ್ಕಪ್ಪ ಬತ್ತಾವ್ನೆ ಸಾ.'

ನಾನು ಅಲ್ಲಿ ಎರಡು ವರ್ಷ ಇದ್ದೆ. ಸೊಸೆಯ ಕಡೆ ಬಂಧುಬಳಗ ದೊಡ್ಡದು. ಇಡೀ ಹೋಬಳಿಯಲ್ಲಿ ಹೊಟ್ಟೆಯೊಳಗೆ ಒಂದೇ ಒಂದು ಹುಳವಿಲ್ಲದ ಪ್ರಾಣಿ ಅಂತ ಯಾವುದಾದರೂ ಇದ್ದಿದ್ದರೆ ಅದು ಆ ಹುಂಜ.

ಆಸ್ಪತ್ರೆ ಬಾಗಿಲಿನ ಮೊಟ್ಟೆ

ಅದೇ ಆಸ್ಪತ್ರೆಯಲ್ಲಿ ಇನ್ನೊಂದು ಬೆಳಿಗ್ಗೆ ನಾನು ಹೋಗುವ ಹೊತ್ತಿಗೆ ಬಾಗಿಲು ತೆಗೆದಿರಲಿಲ್ಲ. ಅಟೆಂಡರ್ ಬೀಗದ ಕೈ ಹಿಡಿದುಕೊಂಡು ರಸ್ತೆಯಲ್ಲಿ ನಿಂತಿದ್ದ. ಪಕ್ಕದಲ್ಲಿ ಕಾಂಪೌಂಡರ್. ಇಬ್ಬರೂ ಬಾಗಿಲಿನ ಕಡೆಗೇ ನೋಡುತ್ತಿದ್ದರು. ಹೊಸಿಲ ಮುಂದೆ ಬಾಳೆಲೆಯ ತುಂಡು, ಅದರ ಮೇಲೆ ಕುಯ್ದ ನಿಂಬೆಹಣ್ಣು, ಅದರ ನಡುವೆ ಕುಂಕುಮ ಹಚ್ಚಿದ ಒಂದು ಮೊಟ್ಟೆ. ಯಾರೋ ಯಾರದೋ ದೃಷ್ಟಿ ತೆಗೆದು ಮೂರು ದಾರಿ ಕೂಡುವ ಜಾಗ ಅಂತ ನಮ್ಮ ಆಸ್ಪತ್ರೆಯ ಮೆಟ್ಟಿಲಿಗೆ ಇಟ್ಟುಹೋಗಿದ್ದರು.

ಆವತ್ತು ಕುರಿ ಮೇಕೆಗಳಿಗೆ ಲಸಿಕೆ ಹಾಕುವ ದಿನ. ಜನ ಬರುವ ಹೊತ್ತಾಗಿತ್ತು.

'ತೆಗೆದು ಹಾಕಪ್ಪ,' ಅಂದೆ ಅಟೆಂಡರಿಗೆ.

'ನಂಗಿನ್ನ ಎರಡೇ ವರ್ಷ ಸರ್ವಿಸು ಇರದು ಸಾ,' ಅಂದ ಅವನು. 'ಪಿಂಚಣಿ ನೋಡ್ಬೇಕು.'

ಕಾಂಪೌಂಡರ್ ಕಡೆ ನೋಡಿದೆ. ಅವನು, ಮನೆಯಲ್ಲಿ ಹೆಂಡತಿಗೆ ಏಳು ತಿಂಗಳು ಅಂದ.

ನಾನು ಅಲ್ಲೇ ರಸ್ತೆಯಲ್ಲಿ ನಿಂತು ಒಂದು ಭಾಷಣ ಮಾಡಿದೆ. ಮೊಟ್ಟೆ ಅಂದರೆ ಸುಣ್ಣದ ಓಡು, ಒಳಗೆ ಬಿಳಿ, ಹಳದಿ, ಅಷ್ಟೆ, ಇದರಿಂದ ಯಾರಿಗೂ ಏನೂ ಆಗುವುದಿಲ್ಲ, ನಾವು ಓದಿದವರೇ ಹೀಗೆ ಹೆದರಿದರೆ ಹೇಗೆ ಅಂದೆ. ಇಬ್ಬರೂ ತಲೆಯಾಡಿಸಿದರು. ಅಷ್ಟರಲ್ಲಿ ಮೇಕೆ ಹಿಡಿದುಕೊಂಡು ನಾಲ್ಕೈದು ಜನ ಬಂದು ಸೇರಿದ್ದರು, ಅವರೂ ತಲೆಯಾಡಿಸಿದರು.

'ಬಾಳ ಸರಿಯಾಗಿ ಏಳಿದ್ರಿ ಸಾ,' ಅಂದ ಅಟೆಂಡರ್. 'ಅಂಗಾದ್ರೆ ನೀವೇ ತೆಗೆದ್ಬುಡಿ.'

ನಾನು ಎರಡು ಹೆಜ್ಜೆ ಮುಂದೆ ಹೋದೆ. ಮೂರನೆಯದು ಹೋಗಲಿಲ್ಲ. ಬೂಟಿನ ಲೇಸು ಬಿಚ್ಚಿದೆಯೇನೋ ಅಂತ ಬಗ್ಗಿ ನೋಡಿಕೊಂಡೆ. ಬಿಚ್ಚಿರಲಿಲ್ಲ. ಬಿಚ್ಚಿ ಮತ್ತೆ ಕಟ್ಟಿಕೊಂಡೆ.

ಆಗ ಎರಡು ಮೇಕೆ ಹೊಡೆದುಕೊಂಡು ಒಬ್ಬ ಮುದುಕ ಬಂದ. ಯಾಕೆ ಎಲ್ಲರೂ ನಿಂತಿದ್ದಾರೆ ಅಂತ ನೋಡಿದ, ಮೊಟ್ಟೆ ನೋಡಿದ. ನೆಟ್ಟಗೆ ಹೋಗಿ ಅದನ್ನೆತ್ತಿ ಪಂಚೆಗೆ ಒರೆಸಿಕೊಂಡು, ಮೆಟ್ಟಿಲ ಅಂಚಿಗೆ ಕುಟ್ಟಿ ತೂತು ಮಾಡಿ, ತಲೆ ಹಿಂದಕ್ಕೆ ಬಾಗಿಸಿ ಹೀರಿಬಿಟ್ಟ. ನಿಂಬೆಹಣ್ಣಿನ ಹೋಳನ್ನೂ ಬಾಯಿಗೆ ಹಿಂಡಿಕೊಂಡ. ಅವನಿಗೆ ಏನಾದರೂ ಆಗುತ್ತದೆಯೇ ಅಂತ ನಾನೂ ಸೇರಿದ ಹಾಗೆ ಹತ್ತು ಜನ ಕಾಯುತ್ತಿದ್ದೆವು.

ಮುದುಕ ಮೀಸೆ ಒರೆಸಿಕೊಂಡು ನನ್ನ ಕಡೆ ತಿರುಗಿದ.

'ಇಂಜೆಕ್ಷನ್ಗೆ ಬಂದೋರ್ಗೆಲ್ಲ ಮೊಟ್ಟೆ ಕೊಡ್ತೀರಾ ಸಾ, ಇಲ್ಲಾ ಮೊದಲು ಬಂದೋರ್ಗೆ ಮಾತ್ರನಾ?'

ಹನ್ನೊಂದನೇ ಮೊಟ್ಟೆ

ಆಮೇಲೆ ನನಗೆ ಟಿ. ನರಸೀಪುರ ತಾಲ್ಲೂಕಿಗೆ ವರ್ಗವಾಯಿತು. ಹೆಮ್ಮಿಗೆಯಲ್ಲಿ ಒಂದು ಮನೆಯ ಹಸುವಿಗೆ ಕೆಚ್ಚಲು ಬಾವು ಅಂತ ಹೋಗಿದ್ದೆ. ಚುಚ್ಚುಮದ್ದು ಕೊಟ್ಟು ಕೈ ತೊಳೆಯುತ್ತಿದ್ದೆ. ಪಕ್ಕದ ಹಿತ್ತಲಲ್ಲಿ ಇಬ್ಬರು ಹೆಂಗಸರು ಜೋರಾಗಿ ಮಾತಾಡುವುದು ಕೇಳಿಸಿತು. ನನ್ನನ್ನು ಕಂಡದ್ದೇ ಇಬ್ಬರೂ, 'ಡಾಕ್ಟ್ರು ಇಲ್ಲೇ ಅವ್ರೆ, ಅವ್ರೇ ಏಳ್ಲಿ' ಅಂತ ಕರೆದರು.

ವಿಷಯ ಹೀಗಿತ್ತು. ಆ ಹಿತ್ತಲಿನ ಮನೆಯವಳ ಕೋಳಿ ಕಾವಿಗೆ ಬಂದಿತ್ತು, ಆದರೆ ಅವಳ ಹತ್ತಿರ ಮೊಟ್ಟೆ ಇರಲಿಲ್ಲ. ಬೇಲಿಯಾಚೆಯವಳ ಹತ್ತಿರ ಮೊಟ್ಟೆ ಇತ್ತು, ಕಾವಿಗೆ ಕೂರುವ ಕೋಳಿ ಇರಲಿಲ್ಲ. ಹನ್ನೊಂದು ಮೊಟ್ಟೆ ಕೂರಿಸುವುದು, ಮರಿಯಾದ ಮೇಲೆ ಅರ್ಧರ್ಧ ಪಾಲು ಅಂತ ಮಾತಾಗಿತ್ತು. ಇಪ್ಪತ್ತೊಂದನೇ ದಿನ ಇಬ್ಬರೂ ಸೇರಿ ಕೋಳಿಯ ಮೇಲೆ ಕವುಚಿದ್ದ ಮಂಕರಿ ಬುಟ್ಟಿ ಎತ್ತಿದ್ದಾರೆ. ಒಂಬತ್ತು ಮರಿ, ಒಂದು ಕೆಟ್ಟ ಮೊಟ್ಟೆ, ಮತ್ತು ಕೋಳಿಯ ರೆಕ್ಕೆಗೆ ಒತ್ತಿಕೊಂಡು ಕಣ್ಣು ಮುಚ್ಚಿ ಕೂತ ಒಂದು ದಪ್ಪ ನೆಲಗಪ್ಪೆ.

'ನಾನ್ ಕೊಟ್ಟಿದ್ದು ಅನ್ನೊಂದು,' ಅಂದಳು ಮೊಟ್ಟೆಯವಳು. 'ಅನ್ನೊಂದ್ನೇದು ಎಲ್ಲಿ?'

'ಅಗೋ, ಕೂತದಲ್ಲ,' ಅಂದಳು ಕೋಳಿಯವಳು, ಕಪ್ಪೆ ತೋರಿಸಿ. 'ನೀನ್ ಕೊಟ್ಟಿದ್ರಲ್ಲಿ ಏನಿತ್ತೋ ಅದು ಬಂದದೆ.'

'ನನ್ ಕೋಳಿ ಕಪ್ಪೆ ಮೊಟ್ಟೆ ಇಕ್ತದಾ?'

'ನನ್ ಕೋಳಿ ಕಾವು ಕೊಟ್ರೆ ಮರಿ ಕಪ್ಪೆ ಆಯ್ತದಾ?'

ನಾನು ನಡುವೆ ಬಾಯಿ ಹಾಕಿದೆ. ಮಂಕರಿಯ ಕೆಳಗೆ ನೆಲ ತಂಪಾಗಿರುತ್ತದೆ, ಹುಳಹುಪ್ಪಟೆ ಸಿಗುತ್ತದೆ, ಅದಕ್ಕೆ ಕಪ್ಪೆ ಸೇರಿಕೊಂಡಿದೆ, ಅದಕ್ಕೆ ಮೊಟ್ಟೆ ನುಂಗುವ ಶಕ್ತಿ ಇಲ್ಲ, ಹನ್ನೊಂದನೇ ಮೊಟ್ಟೆಯನ್ನು ಹೆಗ್ಗಣ ಕದ್ದಿರಬೇಕು ಅಂದೆ. ಮೂಲೆಯಲ್ಲಿ ಹೆಗ್ಗಣದ ಬಿಲವೂ ಕಾಣಿಸಿತು. ಇಬ್ಬರೂ ಒಪ್ಪಿದರು. ಆದರೆ ಇರುವ ಮರಿ ಒಂಬತ್ತು. ನಾಲ್ಕು ನಾಲ್ಕು ಹಂಚಿದ ಮೇಲೆ ಉಳಿದ ಒಂದು ಯಾರಿಗೆ?

'ಇಪ್ಪತ್ತೊಂದು ದಿನ ಸರಿಯಾಗಿ ಮೇವು ತಿನ್ನದೆ ಕೂತದ್ದು ಕೋಳಿ. ಹಾಗಾಗಿ ಐದು ಕೋಳಿಯವರಿಗೆ,' ಅಂತ ತೀರ್ಪು ಕೊಟ್ಟೆ.

ಮೊಟ್ಟೆಯವಳು, 'ಆಯ್ತು ಸಾ, ನೀವ್ ಏಳಿದ್ಮೇಲೆ ಮುಗೀತು. ಅಂಗಾದ್ರೆ ಇದು ನನ್ ಪಾಲ್ಗೆ,' ಅಂತ ಕಪ್ಪೆಯನ್ನು ಮೊರಕ್ಕೆ ಹಾಕಿಕೊಂಡು, ಮರಿಗಳ ಜೊತೆ ಎತ್ತಿಕೊಂಡು ಹೋದಳು. ಅವಳ ಬದನೆ ಗಿಡಕ್ಕೆ ಹುಳದ ಕಾಟವಂತೆ. ಎಲ್ಲರಿಗೂ ಸಮಾಧಾನವಾಯಿತು ಅಂತ ನಾನು ಹೆಮ್ಮೆಯಿಂದ ಬೈಕು ಹತ್ತಿದೆ.

ಎರಡು ತಿಂಗಳಾದ ಮೇಲೆ ಕೋಳಿಯವಳು ಆಸ್ಪತ್ರೆಗೇ ಬಂದಳು. 'ಸಾ, ಆವತ್ತು ನೀವು ಮಾಡಿದ ಪಾಲು ಸರಿಯಾಗ್ಲಿಲ್ಲ.'

'ಯಾಕಮ್ಮ? ನಿನಗೆ ಒಂದು ಹೆಚ್ಚೇ ಬಂತಲ್ಲ.'

'ಎಚ್ಗೆ ಬಂದಿದ್ದ ಮರೀನ ಅದ್ದು ಒತ್ಕೊಂಡು ಓಯ್ತು. ಅದು ಓಗ್ಲಿ. ಮಂಕರೀಲಿ ಜೊತೇಲಿ ಕೂತಿದ್ದ ಬಾಂಧವ್ಯನೋ ಏನೋ, ನನ್ ಕೋಳಿ ದಿನಾ ಬೇಲಿ ನುಗ್ಗಿ ಆ ಕಪ್ಪೆ ಇರೋ ಬದ್ನೆ ಪಾತಿಗೇ ಓಯ್ತದೆ.'

'ಹೋಗಲಿ ಬಿಡು, ಸಂಜೆಗೆ ಬರತ್ತಲ್ಲ.'

'ಬತ್ತದೆ ಸಾ. ಮೊಟ್ಟೆ ಅಲ್ಲೇ ಇಕ್ಬುಟ್ಟು ಬತ್ತದೆ.'

ಬಚ್ಚಲ ಕಪ್ಪೆಯ ನೆಗಡಿ

ಇದು ನಮ್ಮ ಮನೆಯಲ್ಲೇ ಆದದ್ದು.

ಹಳ್ಳಿಯವರು ಕೆಲಸವಾದ ಮೇಲೆ ಪ್ರೀತಿಗೆ ಏನಾದರೂ ಕೊಡುತ್ತಾರೆ. ಬೇಡ ಅಂದರೆ ನೊಂದುಕೊಳ್ಳುತ್ತಾರೆ. ಕುಂಬಳಕಾಯಿ ಕೊಟ್ಟರೆ ನಮ್ಮ ಮನೆಗೆ, ಮೊಟ್ಟೆ ಕೊಟ್ಟರೆ ಅಟೆಂಡರ್ ಮನೆಗೆ. ಹೀಗೇ ನಡೆಯುತ್ತಿತ್ತು. ಒಂದು ಬೇಸಿಗೆಯಲ್ಲಿ, ಕರು ಅಡ್ಡ ಸಿಕ್ಕಿಕೊಂಡ ಹಸುವಿಗೆ ಹೆರಿಗೆ ಮಾಡಿಸಿದ್ದಕ್ಕೆ ಆ ಮನೆಯ ಹೆಂಗಸು ಹುಲ್ಲು ಹಾಸಿದ ಪುಟ್ಟ ಬುಟ್ಟಿಯಲ್ಲಿ ಏಳು ನಾಟಿ ಮೊಟ್ಟೆ ಇಟ್ಟು ಕೊಟ್ಟಳು. ಆವತ್ತು ಅಟೆಂಡರ್ ರಜೆ. ಬುಟ್ಟಿ ನನ್ನ ಜೊತೆ ನಂಜನಗೂಡಿಗೆ ಬಂತು.

ಅಮ್ಮ ಬಾಗಿಲಲ್ಲೇ ತಡೆದರು. 'ಏನೋ ಅದು?'

'ಮೊಟ್ಟೆ ಅಮ್ಮ. ನಾಳೆ ಕೊಟ್ಟುಬಿಡ್ತೀನಿ.'

'ನಾನಂತೂ ಮುಟ್ಟಲ್ಲ. ಒಳಗೆ ತರಬೇಡ.'

ನಮ್ಮ ಬಚ್ಚಲುಮನೆ ಹಿತ್ತಲಲ್ಲಿ ಬೇರೆಯೇ ಇದೆ. ಇವತ್ತಿಗೂ ಸೌದೆ ಒಲೆ, ತಾಮ್ರದ ಹಂಡೆ. ಹಂಡೆಯ ಹಿಂದಿನ ಗೂಡಿನಲ್ಲಿ ಬುಟ್ಟಿ ಇಟ್ಟೆ. ಮಾರನೇ ದಿನ ಮೈಸೂರಿನಲ್ಲಿ ಮೂರು ದಿನದ ತರಬೇತಿ ಅಂತ ಬೆಳಿಗ್ಗೆಯೇ ಹೊರಟೆ. ಮೊಟ್ಟೆ ಮರೆತೇಹೋಯಿತು.

ಆ ಬಚ್ಚಲುಮನೆಯಲ್ಲಿ ಒಂದು ನೆಲಗಪ್ಪೆ ವರ್ಷಗಳಿಂದ ವಾಸವಾಗಿತ್ತು. ಜಿರಳೆ ಇರುವೆ ತಿಂದುಕೊಂಡು ಹಂಡೆಯ ಮರೆಯಲ್ಲಿ ಇರುತ್ತಿತ್ತು. ಅಮ್ಮ ಅದನ್ನು ಮನೆಯ ಒಬ್ಬ ಹಿರಿಯರ ಹಾಗೆ ನಡೆಸಿಕೊಳ್ಳುತ್ತಿದ್ದರು. ನೀರು ಸುರಿಯುವ ಮುಂಚೆ, 'ಪಕ್ಕಕ್ಕೆ ಸರಕೊಳ್ಳಪ್ಪ, ಬಿಸಿನೀರು' ಅಂತ ಹೇಳಿಯೇ ಸುರಿಯುತ್ತಿದ್ದರು.

ತರಬೇತಿಯ ಎರಡನೇ ದಿನ ಮಧ್ಯಾಹ್ನ ಫೋನು ಬಂತು. 'ಏನೋ, ಬಚ್ಚಲ ಕಪ್ಪೆಗೆ ನೆಗಡಿ ಆಗಿದೆ ಕಣೋ.'

'ಕಪ್ಪೆಗೆ ನೆಗಡಿ ಬರಲ್ಲಮ್ಮ.'

'ನಿನಗೆ ಅದನ್ನ ಹೇಳಿಕೊಟ್ಟಿಲ್ಲ ಅಷ್ಟೆ. ಯಾವಾಗಲೂ ಗೊರಗೊರ ಅಂತಿತ್ತು. ಬೆಳಿಗ್ಗೆಯಿಂದ ಧ್ವನಿ ಸಣ್ಣಗಾಗಿ ಕಿಚಿಪಿಚಿ ಅಂತಿದೆ. ಮೆಣಸಿನ ಕಷಾಯ ಮಾಡಿ ಆರಿಸಿ ಒಂದು ಬಟ್ಟಲಲ್ಲಿ ಇಟ್ಟಿದೀನಿ. ಕುಡಿದ ಹಾಗೆ ಕಾಣಲ್ಲ. ಬಂದು ಸ್ವಲ್ಪ ನೋಡು. ಊರವರ ದನಕ್ಕೆಲ್ಲ ನೋಡ್ತೀಯ.'

ಸಂಜೆ ಬಂದು ನೋಡಿದರೆ ಕಪ್ಪೆ ಆರೋಗ್ಯವಾಗಿ ಕಷಾಯದ ಬಟ್ಟಲ ಪಕ್ಕ ಕೂತಿತ್ತು. ಕಿಚಿಪಿಚಿ ಮೇಲಿನ ಗೂಡಿನಿಂದ ಬರುತ್ತಿತ್ತು. ಬುಟ್ಟಿಯಲ್ಲಿ ನಾಲ್ಕು ಮೊಟ್ಟೆ, ಮೂರು ಮರಿ. ಆ ಹೆಂಗಸು ಖುಷಿಯ ಗಡಿಬಿಡಿಯಲ್ಲಿ ಕಾವಿಗಿಟ್ಟ ಬುಟ್ಟಿಯಿಂದಲೇ ಎತ್ತಿಕೊಟ್ಟಿದ್ದಳು. ಇನ್ನೇನು ಒಡೆಯಬೇಕಾಗಿದ್ದ ಮೊಟ್ಟೆಗಳಿಗೆ ನಮ್ಮ ಹಂಡೆಯ ಬಿಸಿ ಸಾಕಾಗಿತ್ತು.

ಅಮ್ಮ ಬಾಗಿಲಲ್ಲಿ ನಿಂತು ಬಹಳ ಹೊತ್ತು ನೋಡಿದರು.

'ನಾಳೆ ಅಟೆಂಡರಿಗೆ ಕೊಡ್ತೀನಮ್ಮ. ಅವನು ಸಾಕ್ತಾನೆ.'

'ಸಾಕಿ?'

'ದೊಡ್ಡದು ಮಾಡ್ತಾನೆ.'

'ದೊಡ್ಡದು ಮಾಡಿ?'

ಅಮ್ಮ ಒಳಗೆ ಹೋಗಿ ಒಂದು ಹಿಡಿ ಅಕ್ಕಿನುಚ್ಚು ತಂದು ಬುಟ್ಟಿಯ ಮುಂದೆ ಉದುರಿಸಿದರು. 'ಮೊಟ್ಟೆ ಮುಟ್ಟಲ್ಲ ಅಂದಿದ್ದೆ. ಇದು ಮೊಟ್ಟೆ ಅಲ್ವಲ್ಲ,' ಅಂದರು, ನನ್ನ ಮುಖ ನೋಡದೆ. ಉಳಿದ ನಾಲ್ಕು ಒಡೆಯಲೇ ಇಲ್ಲ.

ಮೂರೂ ಮರಿ ಬಚ್ಚಲುಮನೆಯಲ್ಲೇ ಬೆಳೆದವು. ದೇವಸ್ಥಾನದ ಬೀದಿಯಲ್ಲಿ ಯಾರಿಗೂ ಗೊತ್ತಾಗಬಾರದು ಅಂತ ಅಮ್ಮ ಹಿತ್ತಲ ಬಾಗಿಲಿಗೆ ಗೋಣಿಚೀಲ ಕಟ್ಟಿಸಿದರು. ಎರಡು ಹೇಟೆ, ಅವು ತಮ್ಮ ಪಾಡಿಗೆ ಇದ್ದವು. ಮೂರನೆಯದು ಹುಂಜ. ಕೆಲವು ತಿಂಗಳಾದ ಮೇಲೆ ಒಂದು ದಿನ ಬೆಳಗಾಗುತ್ತಲೇ ಗಂಟಲು ಬಿಟ್ಟು ಬೀದಿಗೆಲ್ಲ ಕೇಳುವ ಹಾಗೆ ಕೂಗಿತು.

ಎದುರುಮನೆಯ ಶಾಸ್ತ್ರಿಗಳು ಜಪ ಮಾಡುತ್ತಿದ್ದವರು ಎದ್ದು ಬಂದು ನಮ್ಮ ಜಗಲಿಯ ಮುಂದೆ ನಿಂತರು. 'ಅಮ್ಮಾ, ನಿಮ್ಮ ಹಿತ್ತಲಿಂದ ಏನೋ ಶಬ್ದ ಬಂತಲ್ಲ?'

ರಂಗೋಲಿ ಹಾಕುತ್ತಿದ್ದ ಅಮ್ಮ ತಲೆಯೆತ್ತಲಿಲ್ಲ.

'ಬಚ್ಚಲ ಕಪ್ಪೆ ಕಣ್ರೀ,' ಅಂದರು. 'ನೆಗಡಿ ಇನ್ನೂ ವಾಸಿಯಾಗಿಲ್ಲ.'

ಗಂಡು ಯಾವುದು, ಹೆಣ್ಣು ಯಾವುದು

ಈಗ ಹೇಳುವುದು ನನ್ನ ಮಾನ ಹೋದ ಕಥೆ.

ಮುಡುಕುತೊರೆ ಕಡೆಯ ಒಂದು ಹಳ್ಳಿ. ಆ ವರ್ಷ ಮುಂಗಾರು ತಡವಾಯಿತು. ಕಪ್ಪೆ ಮದುವೆ ಮಾಡಿದರೆ ಮಳೆ ಬರುತ್ತದೆ ಅನ್ನುವ ನಂಬಿಕೆ ಅಲ್ಲಿ ಇವತ್ತಿಗೂ ಇದೆ. ಊರಿನ ಯಜಮಾನರು ನಾಲ್ಕು ಜನರ ಜೊತೆ ಆಸ್ಪತ್ರೆಗೆ ಬಂದರು. ಕೈಯಲ್ಲಿ ಬಟ್ಟೆ ಮುಚ್ಚಿದ ಪ್ಲಾಸ್ಟಿಕ್ ಬಕೆಟ್ಟು. ಅದರಲ್ಲಿ ಎಂಟು ನೆಲಗಪ್ಪೆ.

'ಸಾ, ಓದ್ಸಲ ಮದ್ವೆ ಮಾಡಿದ್ವಿ, ಒಂದನಿ ಬರ್ಲಿಲ್ಲ,' ಅಂದರು ಯಜಮಾನರು. 'ಆಮೇಲೆ ನೋಡಿದ್ರೆ ಎರಡೂ ಗಂಡೇ ಅಂತ ಯಾರೋ ಏಳುದ್ರು. ಈ ಸಲ ತಪ್ಪಾಗ್ಬಾರ್ದು. ನೀವೇ ನೋಡಿ ಗಂಡೊಂದು ಎಣ್ಣೊಂದು ಎತ್ಕೊಡಿ.'

ನಾನು ಓದಿದ್ದು ದನಕರುಗಳನ್ನು. ಕಪ್ಪೆಯನ್ನು ಕೊನೆಯ ಸಲ ಹತ್ತಿರದಿಂದ ನೋಡಿದ್ದು ಪಿಯುಸಿಯಲ್ಲಿ, ಅದೂ ಕುಯ್ಯಲು. ಗೊತ್ತಿಲ್ಲ ಅಂದುಬಿಡಬಹುದಿತ್ತು. ಆದರೆ ಅಷ್ಟು ನಂಬಿ ಬಂದಿದ್ದಾರೆ, ಬಾಗಿಲಲ್ಲಿ ಹತ್ತು ಜನ ನೋಡುತ್ತಿದ್ದಾರೆ. ಒಂದು ಮಾತು ಮಾತ್ರ ನೆನಪಿತ್ತು. ಕಂಕುಳಿಗೆ ಕೈ ಹಾಕಿ ಹಿಡಿದರೆ ಗಂಡು ಕೂಗುತ್ತದೆ, ಹೆಣ್ಣು ಸುಮ್ಮನಿರುತ್ತದೆ.

ಗ್ಲೌಸು ಹಾಕಿಕೊಂಡು ಒಂದೊಂದನ್ನೇ ಎತ್ತಿದೆ. ಮೊದಲನೆಯದು ಚಿಕ್ಕದು, ಸುಮ್ಮನಿತ್ತು. 'ಇದು ಹೆಣ್ಣು.' ಎರಡನೆಯದು ಅಂಗೈಗೆ ಹಿಡಿಸದಷ್ಟು ದಪ್ಪ. ಹಿಡಿದದ್ದೇ ಗೊರ್ ಅನ್ನುವ ಶಬ್ದ ಬಂತು. 'ಇದು ಗಂಡು.' ಇಷ್ಟು ದಪ್ಪನಾದದ್ದು ಹೆಣ್ಣಿರಬಹುದಲ್ಲವೇ ಅಂತ ಒಂದು ಅನುಮಾನ ಸುಳಿಯಿತು. ಅಷ್ಟರಲ್ಲಿ ಯಜಮಾನರು, 'ಬಾಳ ಚೆಂದಾಗಿ ಜೋಡಿ ಆಯ್ತು ಸಾ, ಉಡುಗಿಗಿಂತ ಉಡುಗ ಒಂದು ಕೈ ದಪ್ಪಗೇ ಇರ್ಬೇಕು' ಅಂದರು. ನಾನು ಎರಡನ್ನೂ ಅವರ ಕೈಗೆ ಕೊಟ್ಟುಬಿಟ್ಟೆ.

ಮದುವೆಗೆ ನಾನು ಹೋಗಲೇಬೇಕಾಯಿತು. ಊರ ಬಾಗಿಲಲ್ಲಿ ಫ್ಲೆಕ್ಸ್ ಹಾಕಿಸಿದ್ದರು. ಒಂದು ಕಡೆ ಹುಡುಗನ ಫೋಟೋ, ಇನ್ನೊಂದು ಕಡೆ ಹುಡುಗಿಯ ಫೋಟೋ. ನಡುವೆ ಸ್ವಲ್ಪ ಕೆಳಗೆ ನನ್ನದು. ಅದರಡಿ, 'ಗಂಡು ಹೆಣ್ಣು ನೋಡಿಕೊಟ್ಟ ಡಾಕ್ಟರ್ ಸಾಹೇಬರಿಗೆ ಸುಸ್ವಾಗತ' ಅಂತ ಬರೆದಿತ್ತು. ಅರಿಶಿನದ ನೀರು ಚಿಮುಕಿಸಿ, ದಾರಕ್ಕೆ ಅರಿಶಿನದ ಕೊಂಬು ಕಟ್ಟಿ ಹುಡುಗಿಯ ಮುಂದಿಟ್ಟು ತಾಳಿಯ ಶಾಸ್ತ್ರ ಮುಗಿಸಿದರು. ವಾಲಗ ಊದಿಸಿದರು. ಊರೆಲ್ಲ ಕೂತು ಪಾಯಸದ ಊಟ ಮಾಡಿತು. ಊಟದ ಕೊನೆಯ ಪಂಕ್ತಿ ಏಳುವ ಹೊತ್ತಿಗೆ ಪಶ್ಚಿಮದಲ್ಲಿ ಮೋಡ ಕಟ್ಟಿ, ನಾವು ಎಲೆ ಎತ್ತುವಷ್ಟರಲ್ಲಿ ಧಾರಾಕಾರ ಸುರಿಯಿತು. ಯಜಮಾನರು ಮಳೆಯಲ್ಲೇ ಬಂದು ನನ್ನ ಎರಡೂ ಕೈ ಹಿಡಿದುಕೊಂಡರು. ನಾನು ಕಪ್ಪೆಗೂ ಮಳೆಗೂ ಸಂಬಂಧವಿಲ್ಲ ಅಂತ ಹೇಳಬೇಕು ಅಂದುಕೊಂಡೆ. ಅಷ್ಟರಲ್ಲಿ ಹೆಗಲಿಗೆ ಶಾಲು ಬಿದ್ದಾಗಿತ್ತು.

ವಧೂವರರನ್ನು ನೀರು ತುಂಬಿದ ದೊಡ್ಡ ಬೋಗುಣಿಯಲ್ಲಿಟ್ಟು ಗುಡಿಯ ಜಗಲಿಯಲ್ಲಿ ಬಿಟ್ಟು, ಮಾರನೇ ದಿನ ಕೆರೆಗೆ ಕಳಿಸುವುದು ಅಂತಾಗಿತ್ತು. ಬೆಳಿಗ್ಗೆ ಎಂಟಕ್ಕೆ ಯಜಮಾನರ ಫೋನು. 'ಸಾ, ಒಂದ್ಗಳಿಗೆ ಬಂದೋಗಿ.'

ಹೋದೆ. ಬೋಗುಣಿಯ ಸುತ್ತ ಅರ್ಧ ಊರು ನಿಂತಿತ್ತು. ಬಗ್ಗಿ ನೋಡಿದೆ. ಚಿಕ್ಕ ವಧು ದಪ್ಪ ವರನ ಬೆನ್ನೇರಿ, ಎರಡೂ ಕೈಯಿಂದ ಬಿಗಿಯಾಗಿ ತಬ್ಬಿಕೊಂಡು ಕೂತಿತ್ತು. ವರನ ಸುತ್ತ, ಕೈಗೆ, ಕಾಲಿಗೆ, ಕೊರಳಿಗೆ ಮೊಟ್ಟೆ. ನೆಲಗಪ್ಪೆ ಮೊಟ್ಟೆಯನ್ನು ಬಿಡಿಬಿಡಿಯಾಗಿ ಇಡುವುದಿಲ್ಲ, ಉದ್ದ ದಾರಕ್ಕೆ ಪೋಣಿಸಿದ ಕಪ್ಪು ಮಣಿಯ ಹಾಗೆ ಇಡುತ್ತದೆ. ಮಾರುಗಟ್ಟಲೆ ಇತ್ತು.

ಹಿಂದಿನಿಂದ ಒಬ್ಬ ಹೆಂಗಸು ಮೆಲ್ಲಗೆ ಹೇಳಿದಳು. 'ತಾಳಿ ಎಣ್ಗೆ ಕಟ್ಟಿದ್ವಿ. ಕರಿಮಣಿ ಗಂಡು ಆಕ್ಕೊಂಡು ಕೂತದಲ್ಲ.'

ಆಗ ನನಗೆ ಎಲ್ಲ ಹೊಳೆಯಿತು. ಆವತ್ತು ದಪ್ಪನೆಯದನ್ನು ಎತ್ತಿದಾಗ ಗೊರ್ ಅಂದದ್ದು ಅದಲ್ಲ, ಬಕೆಟ್ಟಿನಲ್ಲಿ ಉಳಿದಿದ್ದ ಇನ್ಯಾವುದೋ. ಚಿಕ್ಕದು ಗಂಡೇ, ಯಾಕೋ ಆ ಹೊತ್ತಿಗೆ ಕೂಗಿರಲಿಲ್ಲ. ನಾನು ಗಂಟಲು ಸರಿಮಾಡಿಕೊಂಡು, 'ಸ್ವಲ್ಪ ಅದಲು ಬದಲು ಆಗಿದೆ' ಅಂದೆ.

ಯಜಮಾನರು ದೊಡ್ಡ ಮನುಷ್ಯರು. 'ಓಗ್ಲಿ ಬುಡಿ ಸಾ, ಮಳೆ ಬಂತಲ್ಲ. ಯಾರು ಯಾರ್ಗೆ ಕಟ್ಟುದ್ರೆ ಏನು,' ಅಂದರು. ನನ್ನನ್ನು ಬೈಕಿನ ತನಕ ಬಿಡಲು ಬಂದರು. ನಾನು ಕಿಕ್ ಹೊಡೆಯುವಾಗ ಏನೋ ನೆನಪಾದವರ ಹಾಗೆ ಹ್ಯಾಂಡಲ್ ಹಿಡಿದುಕೊಂಡರು.

'ಸಾ, ಓದ್ತಿಂಗಳು ನಮ್ಮ ಅಸ ನೋಡಿ ಗಬ್ಬ ಆಗದೆ ಅಂದ್ರಲ್ಲ.'

'ಹೌದು, ಮೂರು ತಿಂಗಳು.'

'ಅದೂ ನೀವೇ ನೋಡಿದ್ದಲ್ವಾ?'

'ನಾನೇ.'

'ಊಂ,' ಅಂದರು ಯಜಮಾನರು. ಹ್ಯಾಂಡಲ್ ಬಿಟ್ಟರು.

ಮಾರನೇ ದಿನ ಆಸ್ಪತ್ರೆಗೆ ಬಂದರೆ ಗೇಟಿನಿಂದ ರಸ್ತೆಯ ತಿರುವಿನವರೆಗೆ ಹಸುಗಳ ಸಾಲು. ನಾನು ಗಬ್ಬ ಅಂತ ಹೇಳಿದ್ದ ಹಸುಗಳೆಲ್ಲ ಬಂದಿದ್ದವು. ಗಬ್ಬವಿಲ್ಲ ಅಂತ ಹೇಳಿದ್ದವೂ ಬಂದಿದ್ದವು. 'ಇನ್ನೊಂದ್ಸಲ ನೋಡ್ಬುಡಿ ಸಾ, ಬಂದಿದ್ವಿ ಈ ಕಡೆ,' ಅನ್ನುತ್ತಿದ್ದರು ಅಷ್ಟೆ. ತೋಳಿನ ಬುಡದವರೆಗೆ ಗ್ಲೌಸು ಏರಿಸಿಕೊಂಡು ಮಧ್ಯಾಹ್ನದ ಊಟವಿಲ್ಲದೆ ಸಂಜೆ ನಾಲ್ಕರವರೆಗೆ ಪರೀಕ್ಷೆ ಮಾಡಿದೆ. ಒಂದೂ ತಪ್ಪಾಗಿರಲಿಲ್ಲ. ಯಜಮಾನರ ಹಸುವೂ ಗಬ್ಬವಾಗಿಯೇ ಇತ್ತು. ಹೋದ ಮಾನ ಅರ್ಧವಾದರೂ ವಾಪಸು ಬಂತು ಅಂತ ಸಮಾಧಾನಪಟ್ಟುಕೊಂಡು ಗ್ಲೌಸು ಬಿಚ್ಚಿದೆ.

ಸಾಲಿನ ಕೊನೆಯಲ್ಲಿ ಒಬ್ಬ ಮುದುಕ ಇನ್ನೂ ನಿಂತಿದ್ದ. ಬೆಳಿಗ್ಗೆಯಿಂದ ಕಾದಿದ್ದನಂತೆ. ಅವನ ಕೈಯ ಹಗ್ಗದ ತುದಿಯಲ್ಲಿ ಭಾರೀ ಕೊಂಬಿನ, ಎತ್ತರದ ಹಳ್ಳಿಕಾರ್ ಎತ್ತು.

'ಏನಾಗಿದೆ ತಾತ ಇದಕ್ಕೆ? ಮೇವು ಬಿಟ್ಟಿದೆಯಾ?'

'ಇಲ್ಲ ಸಾ, ಚೆನ್ನಾಗಿ ತಿಂತದೆ.'

'ಕುಂಟ್ತದಾ?'

'ಇಲ್ಲ ಸಾ.'

'ಮತ್ತೆ ಬೆಳಿಗ್ಗೆಯಿಂದ ಯಾಕೆ ನಿಂತಿದ್ದೀಯ?'

ಮುದುಕ ಎತ್ತನ್ನೊಮ್ಮೆ ನೋಡಿದ, ನನ್ನನ್ನೊಮ್ಮೆ ನೋಡಿದ, ಆಮೇಲೆ ಯಾರಿಗೂ ಕೇಳಿಸದ ಹಾಗೆ ಹತ್ತಿರ ಬಂದ.

'ಎಂಟು ವರ್ಷದಿಂದ ಎತ್ತು ಅಂತ್ಲೇ ಉಳ್ತಾ ಇವ್ನಿ ಸಾ,' ಅಂದ. 'ಓರಿಯಾಗಿದ್ದಾಗ ಬೀಜ ಒಡೆದು ಶೀಲ ಮಾಡಿದೋರು ನೀವಲ್ಲ, ಅದ್ಕೇ ಧೈರ್ಯವಾಗಿದ್ದೆ. ಆದ್ರೆ ಓದ್ವರ್ಷ ನೀವು ಬಂದು ನೋಡಿ, ಎತ್ತು ಚೆನ್ನಾಗದೆ ಅಂದ್ಬುಟ್ರಿ. ಇದು ಎತ್ತೇನಾ ಅಂತ ಇನ್ನೊಂದ್ಸಲ ನೋಡ್ಬುಡಿ.'